ಪರ್ಸಿವಲ್ ಎವರೆಟ್ ಅವರ ಇಡೀ ಬರವಣಿಗೆಯನ್ನು ಓದಿ: ಸ್ವೀಡಿಷ್ ಅಕಾಡೆಮಿಗೆ ಒಂದು ಬಹಿರಂಗ ಪತ್ರ

ಸ್ವೀಡಿಷ್ ಅಕಾಡೆಮಿಯ ಮಾನ್ಯ ಸದಸ್ಯರಿಗೆ,
ಸ್ಟಾಕ್‌ಹೋಮ್.

ಮಾನ್ಯರೇ,

ನೊಬೆಲ್ ಸಾಹಿತ್ಯ ಪ್ರಶಸ್ತಿಗೆ ಹೆಸರು ಸೂಚಿಸುವ ಹಕ್ಕು ಯಾರಿಗುಂಟು ಎಂಬುದು ನನಗೆ ತಿಳಿದಿದೆ. ನಿಮ್ಮ ಅಕಾಡೆಮಿಯ ಮತ್ತು ಅಂಥವೇ ಸಂಸ್ಥೆಗಳ ಸದಸ್ಯರು, ವಿಶ್ವವಿದ್ಯಾಲಯಗಳ ಸಾಹಿತ್ಯ ಹಾಗೂ ಭಾಷಾಶಾಸ್ತ್ರದ ಪ್ರಾಧ್ಯಾಪಕರು, ಹಿಂದೆ ಪ್ರಶಸ್ತಿ ಪಡೆದವರು, ಲೇಖಕರ ಸಂಘಗಳ ಅಧ್ಯಕ್ಷರು ಜನವರಿ 31ರೊಳಗೆ ಕಳಿಸಿದ ಹೆಸರುಗಳನ್ನಷ್ಟೇ ನೀವು ಪರಿಗಣಿಸುತ್ತೀರಿ; ಆ ಹೆಸರುಗಳನ್ನು ಐವತ್ತು ವರ್ಷ ಗುಟ್ಟಾಗಿಡುತ್ತೀರಿ. ಇವುಗಳಲ್ಲಿ ಯಾವ ವರ್ಗಕ್ಕೂ ಸೇರದ, ಕನ್ನಡದ ಒಬ್ಬ ಸಾಮಾನ್ಯ ಓದುಗ ನಾನು. ಆದಕಾರಣ ಇದನ್ನು ನಾಮನಿರ್ದೇಶನವೆಂದು ಎಣಿಸಬೇಕಾಗಿಲ್ಲ. ಅಮೆರಿಕದ ಕಾದಂಬರಿಕಾರ ಪರ್ಸಿವಲ್ ಎವರೆಟ್ ಅವರ ಹೆಸರು ಈಗಾಗಲೇ ನಿಮ್ಮ ಮುಂದೆ ಬಂದಿದ್ದೀತು, ಬಾರದೆಯೂ ಇದ್ದೀತು. ಬಂದಿದ್ದರೆ, ಅವರನ್ನು ಯಾವ ಬಾಗಿಲಿನಿಂದ ಒಳಗೆ ಕರೆದುಕೊಳ್ಳಬೇಕು ಎಂಬುದರ ಬಗ್ಗೆ ನನ್ನದೊಂದು ಅರಿಕೆಯಿದೆ. ಪತ್ರವನ್ನು ಕನ್ನಡದಲ್ಲೇ ಬರೆಯುತ್ತಿರುವುದು ಉದ್ದೇಶಪೂರ್ವಕ. ನಿಮಗಿಂತ ಮೊದಲು ಇದನ್ನು ನನ್ನ ಭಾಷೆಯ ಓದುಗರು ಓದಲಿ, ಅವರಲ್ಲಿ ಕೆಲವರಾದರೂ ಈ ಲೇಖಕರನ್ನು ಹುಡುಕಿಕೊಂಡು ಹೋಗಲಿ ಎಂಬ ಆಸೆಯೂ ನನಗಿದೆ.

ಇಂದು ಎವರೆಟ್ ಅವರ ಹೆಸರೆತ್ತಿದರೆ ಹೆಚ್ಚಿನವರಿಗೆ ನೆನಪಾಗುವುದು ‘ಜೇಮ್ಸ್’. ಮಾರ್ಕ್ ಟ್ವೈನ್ ಅವರ ಹಕಲ್‌ಬೆರಿ ಫಿನ್ ಕಥೆಯನ್ನು, ಹಕ್‌ನ ಜೊತೆಗೆ ತೆಪ್ಪದಲ್ಲಿ ಸಾಗುವ ಇಲ್ಲಿ ತನ್ನನ್ನು ಜೇಮ್ಸ್ ಎಂದು ಕರೆದುಕೊಳ್ಳುವ ಗುಲಾಮ ಜಿಮ್‌ನ ಬಾಯಿಂದ ಹೇಳಿಸುವ ಈ ಕಾದಂಬರಿ 2024ರಲ್ಲಿ ಬಂದಿತು. ಅದೇ ವರ್ಷ ಅದಕ್ಕೆ ಅಮೆರಿಕದ ನ್ಯಾಷನಲ್ ಬುಕ್ ಅವಾರ್ಡ್ ದೊರೆಯಿತು, ಬೂಕರ್ ಪ್ರಶಸ್ತಿಯ ಕಿರುಪಟ್ಟಿಯಲ್ಲಿ ಸ್ಥಾನ ಸಿಕ್ಕಿತು, 2025ರಲ್ಲಿ ಪುಲಿಟ್ಜರ್ ಬಂದಿತು. ಇದೆಲ್ಲ ಸಲ್ಲಬೇಕಾದ ಗೌರವವೇ. ಆದರೆ ನಲವತ್ತು ವರ್ಷಗಳಿಂದ ಬರೆಯುತ್ತಿರುವ ಒಬ್ಬರು ತಮ್ಮ ಅರವತ್ತೇಳನೆಯ ವಯಸ್ಸು ದಾಟಿದ ಮೇಲೆ ‘ಒಂದು ಪುಸ್ತಕದ ಲೇಖಕ’ ಎನಿಸಿಕೊಳ್ಳುವುದು ವಿಚಿತ್ರವಾದ ಅನ್ಯಾಯ. ಅದರಲ್ಲೂ, ತಮ್ಮನ್ನು ಒಂದೇ ಗೂಡಿನಲ್ಲಿ ಕೂರಿಸಲು ಬಂದವರ ಕೈಗೆ ಸಿಗದೆ ಇಷ್ಟು ವರ್ಷ ಬರೆದವರಿಗೆ ಹೀಗಾಗುವುದು ಇನ್ನೂ ವಿಚಿತ್ರ. ಬೂಕರ್ ಮತ್ತು ಪುಲಿಟ್ಜರ್ ಒಂದು ಪುಸ್ತಕಕ್ಕೆ ಕೊಡುವ ಪ್ರಶಸ್ತಿಗಳು. ನಿಮ್ಮದು ಬಹುಮಟ್ಟಿಗೆ ಒಂದು ಜೀವಮಾನದ ಬರವಣಿಗೆಗೆ ಸಲ್ಲುವಂಥದ್ದು. ಆದ್ದರಿಂದಲೇ ಈ ಮಾತನ್ನು ನಿಮ್ಮ ಮುಂದೆ ಇಡುತ್ತಿದ್ದೇನೆ.

ಎವರೆಟ್ ಹುಟ್ಟಿದ್ದು 1956ರಲ್ಲಿ, ಜಾರ್ಜಿಯಾ ರಾಜ್ಯದ ಒಂದು ಸೇನಾ ನೆಲೆಯಲ್ಲಿ. ಬೆಳೆದದ್ದು ಸೌತ್ ಕ್ಯಾರೊಲಿನಾದ ಕೊಲಂಬಿಯಾದಲ್ಲಿ. ತಂದೆ ದಂತವೈದ್ಯರು. ಕಲಿತದ್ದು ತತ್ತ್ವಶಾಸ್ತ್ರ. ಭಾಷೆಯೆಂಬುದು ಅರ್ಥವನ್ನು ಹೇಗೆ ಹೊರುತ್ತದೆ, ಎಲ್ಲಿ ಜಾರಿಸುತ್ತದೆ ಎಂಬ ವಿಟ್ಗೆನ್‌ಸ್ಟೈನ್‌ನ ಪ್ರಶ್ನೆಗಳು ಅವರನ್ನು ಬಿಟ್ಟುಹೋದಂತೆ ಕಾಣುವುದಿಲ್ಲ. ಮೊದಲ ಕಾದಂಬರಿ ‘ಸೂಡರ್’ 1983ರಲ್ಲಿ ಪ್ರಕಟವಾಯಿತು. ಅದರ ನಾಯಕ ಆಟ ಕೈಕೊಟ್ಟ ಒಬ್ಬ ಬೇಸ್‌ಬಾಲ್ ಆಟಗಾರ. ಅಲ್ಲಿಂದೀಚೆಗೆ ಇಪ್ಪತ್ತಕ್ಕೂ ಹೆಚ್ಚು ಕಾದಂಬರಿಗಳು, ಹಲವು ಕಥಾಸಂಕಲನಗಳು, ಕವಿತೆಗಳು ಬಂದಿವೆ. ಅವರು ಚಿತ್ರಕಾರರೂ ಹೌದು. ಸದರ್ನ್ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಾರೆ. ಬಹುಕಾಲ ಅವರ ಪುಸ್ತಕಗಳನ್ನು ಹೊರತಂದದ್ದು ನ್ಯೂಯಾರ್ಕಿನ ದೊಡ್ಡ ಪ್ರಕಾಶಕರಿಗಿಂತ ಹೆಚ್ಚಾಗಿ ಮಿನ್ನಿಯಾಪೊಲಿಸ್‌ನಲ್ಲಿರುವ ಗ್ರೇವುಲ್ಫ್ ಎಂಬ, ಲಾಭಕ್ಕಾಗಿ ನಡೆಯದ ಪ್ರಕಾಶನ. ಮಾರಾಟದ ಒತ್ತಡ ಹೆಚ್ಚಿದ್ದ ಕಡೆ ಈ ಲೇಖಕರು ಹೀಗೆ ಪುಸ್ತಕದಿಂದ ಪುಸ್ತಕಕ್ಕೆ ವೇಷ ಬದಲಿಸುತ್ತ ಹೋಗಲು ಬಿಡುತ್ತಿದ್ದರೇ ಎಂಬುದು ನನ್ನ ಅನುಮಾನ.

ನಿಮ್ಮ ಓದು 2001ರ ‘ಎರೇಷರ್’ನಿಂದ ಆರಂಭವಾಗಲಿ ಎಂಬುದು ನನ್ನ ಸೂಚನೆ. ಅದರ ನಾಯಕ ಥೆಲೋನಿಯಸ್ ಎಲಿಸನ್ ಒಬ್ಬ ಕಪ್ಪುವರ್ಣೀಯ ಪ್ರಾಧ್ಯಾಪಕ. ಗ್ರೀಕ್ ನಾಟಕಗಳನ್ನು ಆಧರಿಸಿ ಕ್ಲಿಷ್ಟವಾದ ಕಾದಂಬರಿಗಳನ್ನು ಬರೆಯುವವನು. ಒಂದು ದಿನ ದೊಡ್ಡ ಪುಸ್ತಕದಂಗಡಿಯೊಂದಕ್ಕೆ ಹೋಗಿ ತನ್ನ ಪುಸ್ತಕಗಳಿಗಾಗಿ ಹುಡುಕುತ್ತಾನೆ. ಸಾಹಿತ್ಯದ ಕಪಾಟಿನಲ್ಲಿ ಅವು ಇಲ್ಲ. ಕೊನೆಗೆ ಸಿಗುವುದು ಆಫ್ರಿಕನ್ ಅಮೆರಿಕನ್ ಅಧ್ಯಯನದ ಕಪಾಟಿನಲ್ಲಿ. ಆ ಪುಸ್ತಕಗಳಲ್ಲಿ ಆ ವಿಷಯಕ್ಕೆ ಸಂಬಂಧಪಟ್ಟದ್ದೇನಾದರೂ ಇದ್ದರೆ ಅದು ಹೊದಿಕೆಯ ಮೇಲಿನ ಲೇಖಕರ ಭಾವಚಿತ್ರ ಮಾತ್ರ. ಆ ಅಧ್ಯಯನದಲ್ಲಿ ಆಸಕ್ತಿಯಿದ್ದವರಿಗೆ ಈ ಪುಸ್ತಕ ಬೇಕಿಲ್ಲ, ಗ್ರೀಕ್ ನಾಟಕ ಬೇಕಾದವರು ಆ ಕಡೆ ತಲೆಹಾಕುವುದಿಲ್ಲ. ಹೀಗಾಗಿ ಒಂದು ಪ್ರತಿಯೂ ಮಾರಾಟವಾಗುವುದಿಲ್ಲ ಎಂದು ಅವನು ತಣ್ಣಗೆ ಲೆಕ್ಕ ಹಾಕುತ್ತಾನೆ. ಅದೇ ಹೊತ್ತಿಗೆ, ಕೊಳೆಗೇರಿಯ ಕಪ್ಪು ಬದುಕನ್ನು ‘ಇದ್ದದ್ದು ಇದ್ದಂತೆ’ ಹೇಳಿದ್ದೆಂದು ಮೆರೆಸಲ್ಪಟ್ಟ ಒಂದು ಕಳಪೆ ಕಾದಂಬರಿ ಲಕ್ಷಗಟ್ಟಲೆ ಡಾಲರ್ ಗಳಿಸುತ್ತಿರುತ್ತದೆ. ರೊಚ್ಚಿಗೆದ್ದ ಎಲಿಸನ್ ಅದರ ಅಣಕವನ್ನು ಸುಳ್ಳು ಹೆಸರಿನಲ್ಲಿ ಬರೆದು ಕಳಿಸುತ್ತಾನೆ. ಅಣಕವೆಂದು ಯಾರಿಗೂ ಹೊಳೆಯುವುದಿಲ್ಲ. ಪ್ರಕಾಶಕರು ಮುಗಿಬೀಳುತ್ತಾರೆ, ಸಿನಿಮಾದವರು ಬರುತ್ತಾರೆ; ಕೊನೆಗೆ ಒಂದು ದೊಡ್ಡ ಪ್ರಶಸ್ತಿಯ ತೀರ್ಪುಗಾರರ ಸಾಲಿನಲ್ಲಿ ಎಲಿಸನ್ ತಾನೇ ಕೂತು, ತಾನು ಬರೆದ ಕಸಕ್ಕೆ ಉಳಿದ ತೀರ್ಪುಗಾರರು ಪ್ರಶಸ್ತಿ ಕೊಡುವುದನ್ನು ತಡೆಯಲಾಗದೆ ನೋಡಬೇಕಾಗುತ್ತದೆ. ಪ್ರಶಸ್ತಿ ಕೊಡುವುದೇ ಕೆಲಸವಾಗಿರುವ ನಿಮಗೆ ಈ ಅಧ್ಯಾಯಗಳು ಸ್ವಲ್ಪ ಇರುಸುಮುರುಸು ತಂದಾವು. ತರಬೇಕು ಕೂಡ.

ಇದನ್ನು ಬರಿಯ ವಿಡಂಬನೆಯೆಂದು ಓದಿ ಮುಚ್ಚಿಟ್ಟರೆ ಅರ್ಧ ಪುಸ್ತಕ ಕೈತಪ್ಪುತ್ತದೆ. ಆ ಅಣಕದ ಕಾದಂಬರಿಯನ್ನು ಎವರೆಟ್ ಇಡಿಯಾಗಿ ಒಳಗೆ ಅಚ್ಚುಹಾಕಿದ್ದಾರೆ. ಅದರ ಆಚೀಚೆ ಮರೆವಿನ ಕಾಯಿಲೆಯಲ್ಲಿ ದಿನದಿನಕ್ಕೂ ಕರಗುತ್ತಿರುವ ತಾಯಿ, ಗರ್ಭಪಾತ ವಿರೋಧಿಗಳ ಗುಂಡಿಗೆ ಬಲಿಯಾಗುವ ವೈದ್ಯೆ ಅಕ್ಕ, ಮೀನು ಹಿಡಿಯುವುದರ ಮತ್ತು ಮರಗೆಲಸದ ಬಗ್ಗೆ ಬಿಡಿ ಟಿಪ್ಪಣಿಗಳು ಇವೆ. ಅಂಗಡಿಯವರು ಕೇಳುವ ‘ಕಪ್ಪು ಅನುಭವ’ಕ್ಕೂ ಒಂದು ಮನೆಯ ನಿಜವಾದ ದುಃಖಕ್ಕೂ ಎಷ್ಟು ಅಂತರವಿದೆ ಎಂಬುದು ಈ ಜೋಡಣೆಯಿಂದಲೇ ಕಾಣುತ್ತದೆ. 2023ರಲ್ಲಿ ಕಾರ್ಡ್ ಜೆಫರ್ಸನ್ ಇದನ್ನು ‘ಅಮೆರಿಕನ್ ಫಿಕ್ಷನ್’ ಎಂಬ ಚಿತ್ರ ಮಾಡಿ, ರೂಪಾಂತರಿತ ಚಿತ್ರಕಥೆಗಾಗಿ ಆಸ್ಕರ್ ಪಡೆದರು. ಚಿತ್ರ ಚೆನ್ನಾಗಿದೆ, ಆದರೆ ಪುಸ್ತಕಕ್ಕಿಂತ ಮೆದುವಾಗಿದೆ.

ಈ ‘ಕಪಾಟಿನ’ ಕಾಟದಿಂದ ತಪ್ಪಿಸಿಕೊಳ್ಳಲೆಂಬಂತೆ ಎವರೆಟ್ ಯಾವ ದಾರಿಗಳನ್ನೆಲ್ಲ ಹಿಡಿದಿದ್ದಾರೆ ನೋಡಿ. ಗ್ರೀಕ್ ಪುರಾಣದ ಮೀಡಿಯಾಳ ಕಥೆಯನ್ನೂ ಡಯೊನೈಸಸ್ ದೇವತೆಯ ಕಥೆಯನ್ನೂ ಹೊಸದಾಗಿ ಬರೆದರು. ‘ಗಾಡ್ಸ್ ಕಂಟ್ರಿ’ಯಲ್ಲಿ ಕೌಬಾಯ್ ಕಥೆಗಳನ್ನು ತಲೆಕೆಳಗು ಮಾಡಿ, ಹೇಡಿಯೂ ದಡ್ಡನೂ ಆದ ಒಬ್ಬ ಬಿಳಿಯನನ್ನೇ ನಿರೂಪಕನನ್ನಾಗಿಸಿದರು. ‘ವಾಟರ್‌ಷೆಡ್’ನಲ್ಲಿ ನೀರಿನ ಹರಿವನ್ನು ಅಳೆಯುವ ವಿಜ್ಞಾನಿ ಮೂಲನಿವಾಸಿಗಳ ನೆಲದ ತಗಾದೆಯಲ್ಲಿ ಸಿಕ್ಕಿಕೊಳ್ಳುತ್ತಾನೆ, ‘ವೂಂಡೆಡ್’ನಲ್ಲಿ ವಯೋಮಿಂಗ್‌ನ ಕುದುರೆ ಪಳಗಿಸುವವನೊಬ್ಬ ತನ್ನ ಊರಿನ ದ್ವೇಷಕ್ಕೆ ಮುಖಾಮುಖಿಯಾಗುತ್ತಾನೆ. ‘ಐ ಆ್ಯಮ್ ನಾಟ್ ಸಿಡ್ನಿ ಪಾಯ್ಟಿಯರ್’ ಕಾದಂಬರಿಯಲ್ಲಿ, ಹೆಸರಾಂತ ಕಪ್ಪು ನಟ ಸಿಡ್ನಿ ಪಾಯ್ಟಿಯರ್ ಅವರನ್ನೇ ಹೋಲುವ ಹುಡುಗನ ಹೆಸರೇ ‘ನಾಟ್ ಸಿಡ್ನಿ’. ಅವನಿಗೆ ಅಸಂಬದ್ಧತೆಯ ತತ್ತ್ವಶಾಸ್ತ್ರ ಬೋಧಿಸುವ ಪ್ರಾಧ್ಯಾಪಕನ ಹೆಸರು ಪರ್ಸಿವಲ್ ಎವರೆಟ್. ‘ಡಾಕ್ಟರ್ ನೋ’ದಲ್ಲಿ ‘ಏನೂ ಇಲ್ಲ’ ಎಂಬುದರ ಬಗ್ಗೆಯೇ ಸಂಶೋಧನೆ ನಡೆಸುವ ಗಣಿತಜ್ಞನೊಬ್ಬನನ್ನು, ಅಮೆರಿಕ ಸರ್ಕಾರದ ಚಿನ್ನದ ಭಂಡಾರವಾದ ಫೋರ್ಟ್ ನಾಕ್ಸ್‌ನಿಂದ ಆ ‘ಏನೂ ಇಲ್ಲ’ವನ್ನು ಕದಿಯಬೇಕೆಂದಿರುವ ಕೋಟ್ಯಧಿಪತಿ ಬಾಡಿಗೆಗೆ ಹಿಡಿಯುತ್ತಾನೆ.

ಎಲ್ಲವೂ ಸಮನಾಗಿ ಗೆದ್ದಿವೆ ಎಂದು ನಾನು ಹೇಳಲಾರೆ. ಮಾತಾಡದೆ ಬರೆದು ತೋರಿಸುವ ಅತಿಬುದ್ಧಿಯ ಕೂಸಿನ ಮೂಲಕ ಫ್ರೆಂಚ್ ಸಿದ್ಧಾಂತಿಗಳನ್ನು ಗೇಲಿ ಮಾಡುವ ‘ಗ್ಲಿಫ್’ ನೂರು ಪುಟದ ನಂತರ ನನಗೆ ಬಳಲಿಕೆ ತಂದಿತು. ತುಂಡಾದ ತಲೆಯನ್ನು ಹೊಲಿಸಿಕೊಂಡ ಹೆಣ ತನ್ನದೇ ಅಂತ್ಯಕ್ರಿಯೆಯಲ್ಲಿ ಎದ್ದು ಕೂರುವ ‘ಅಮೆರಿಕನ್ ಡೆಸರ್ಟ್’ ಆರಂಭದ ಬಿಗಿಯನ್ನು ಕೊನೆಯವರೆಗೆ ಉಳಿಸಿಕೊಳ್ಳುವುದಿಲ್ಲ. ಕೆಲವು ಕಾದಂಬರಿಗಳ ಹೆಂಗಸರು ಗಂಡಸರ ಸಂಕಟಕ್ಕೆ ಹಿನ್ನೆಲೆಯಾಗಿ ಮಾತ್ರ ಉಳಿಯುತ್ತಾರೆ. ಆದರೂ ಹೀಗೆ ಎಡವುತ್ತ ಸಾಗಿದ ಲೇಖಕರೇ, ಒಂದು ಯಶಸ್ಸನ್ನು ನಾಲ್ಕು ಸಲ ಅಚ್ಚುಹಾಕುವವರಿಗಿಂತ ನನಗೆ ಹೆಚ್ಚು ಬೇಕಾದವರು.

ವೇಷಗಳು ಎಷ್ಟೇ ಬದಲಾದರೂ ಒಳಗೊಂದು ಹುರಿ ಮಾತ್ರ ಗಟ್ಟಿಯಾಗಿದೆ. ಅದನ್ನು ಒಂದು ಸಣ್ಣ ಕಥೆಯಿಂದ ತೋರಿಸುತ್ತೇನೆ. 1989ರಲ್ಲಿ ಎವರೆಟ್ ಅವರನ್ನು ಸೌತ್ ಕ್ಯಾರೊಲಿನಾದ ಶಾಸನಸಭೆ ಭಾಷಣಕ್ಕೆ ಆಹ್ವಾನಿಸಿತು. ಅಲ್ಲಿ ಹಾರುತ್ತಿದ್ದ, ಗುಲಾಮಗಿರಿಯ ಪರವಾಗಿ ಯುದ್ಧ ಮಾಡಿದ ದಕ್ಷಿಣದವರ ಬಾವುಟದ ಕಾರಣಕ್ಕೆ ಅವರು ಮಾತು ಮುಂದುವರಿಸಲು ನಿರಾಕರಿಸಿದರು. ಮುಂದಿನ ದಶಕದಲ್ಲಿ ಅವರು ಬರೆದ ‘ದಿ ಅಪ್ರೋಪ್ರಿಯೇಷನ್ ಆಫ್ ಕಲ್ಚರ್ಸ್’ ಕಥೆಯಲ್ಲಿ ಕೊಲಂಬಿಯಾದ ಡೇನಿಯಲ್ ಬಾರ್ಕ್ಲಿ ಎಂಬ ಕಪ್ಪು ಯುವಕ ಗಿಟಾರ್ ನುಡಿಸುತ್ತಿರುತ್ತಾನೆ. ಕಾಲೇಜಿನ ಬಿಳಿಯ ಹುಡುಗರು ಅವನನ್ನು ಕೆಣಕಲು ‘ಡಿಕ್ಸಿ’ ನುಡಿಸು ಎನ್ನುತ್ತಾರೆ. ಅದು ಅದೇ ದಕ್ಷಿಣದವರ ಯುದ್ಧಗೀತೆಯಂತಾಗಿದ್ದ ಹಾಡು. ಅವನು ಸಿಟ್ಟಾಗುವುದಿಲ್ಲ. ನಿಧಾನವಾಗಿ, ಮನಸ್ಸಿಟ್ಟು, ಈ ನೆಲ ನನ್ನದೂ ಹೌದು ಎಂಬಂತೆ ಹಾಡುತ್ತಾನೆ. ಕೇಳಿದ ಹುಡುಗರು ತಬ್ಬಿಬ್ಬಾಗುತ್ತಾರೆ. ಮುಂದೆ ಅದೇ ಬಾವುಟದ ಸ್ಟಿಕರ್ ಅಂಟಿಸಿದ ಒಂದು ಹಳೆಯ ಪಿಕಪ್ ಟ್ರಕ್ಕನ್ನು ಕೊಂಡು, ಇದು ಕಪ್ಪು ಶಕ್ತಿಯ ಬಾವುಟ ಎಂದು ಸಾರುತ್ತಾನೆ. ಒಬ್ಬರಾದ ಮೇಲೊಬ್ಬರು ಕಪ್ಪು ಜನ ಆ ಬಾವುಟವನ್ನು ತಮ್ಮ ವಾಹನಗಳಿಗೆ ಅಂಟಿಸಿಕೊಳ್ಳತೊಡಗುತ್ತಾರೆ. ಕೊನೆಗೊಂದು ದಿನ ಯಾವ ಸಮಾರಂಭವೂ ಇಲ್ಲದೆ ಅದು ಶಾಸನಸಭೆಯ ಗೋಪುರದಿಂದ ಕಾಣೆಯಾಗಿರುತ್ತದೆ. ವಾಸ್ತವದಲ್ಲಿ ಅದು ಗೋಪುರದಿಂದ ಕೆಳಗಿಳಿದು ಅಂಗಳಕ್ಕೆ ಬಂದದ್ದು 2000ದಲ್ಲಿ. ಅಂಗಳದಿಂದಲೂ ಹೋಗಲು 2015ರಲ್ಲಿ ಚಾರ್ಲ್‌ಸ್ಟನ್ ಚರ್ಚಿನಲ್ಲಿ ಬಿಳಿಯನೊಬ್ಬನ ಜನಾಂಗದ್ವೇಷದ ಗುಂಡಿಗೆ ಒಂಬತ್ತು ಕಪ್ಪು ಜನ ಸಾಯಬೇಕಾಯಿತು.

ಈ ಕಥೆಯನ್ನು ನೆನಪಿಟ್ಟುಕೊಂಡು ‘ಜೇಮ್ಸ್’ಗೆ ಬನ್ನಿ. ಅಲ್ಲಿ ಓಡಿಹೋದ ಜೇಮ್ಸ್‌ನ ಇಂಪಾದ ಕಂಠವನ್ನು ಕೇಳಿ ಅವನನ್ನು ಕೊಂಡುಕೊಳ್ಳುವವನು ಡೇನಿಯಲ್ ಡೆಕಟರ್ ಎಮೆಟ್. ಮುಖಕ್ಕೆ ಮಸಿ ಬಳಿದುಕೊಂಡು ಕಪ್ಪು ಜನರನ್ನು ನಕಲು ಮಾಡಿ ಹಾಡುತ್ತಿದ್ದ ಬಿಳಿಯರ ಮೇಳದ ಈ ಯಜಮಾನ ಚರಿತ್ರೆಯಲ್ಲಿ ನಿಜವಾಗಿ ಇದ್ದವನು. ‘ಡಿಕ್ಸಿ’ ಹಾಡು ಅವನ ರಚನೆಯೆಂದೇ ಹೇಳುವುದುಂಟು. ಕಪ್ಪು ಮೈಬಣ್ಣದ ಜೇಮ್ಸ್, ಕಪ್ಪು ವೇಷ ಹಾಕಿದ ಬಿಳಿಯನಂತೆ ಕಾಣಿಸಿಕೊಳ್ಳಲು ಮುಖಕ್ಕೆ ಮಸಿ ಬಳಿಸಿಕೊಂಡು ರಂಗಕ್ಕೇರಬೇಕಾಗುತ್ತದೆ. ಅಲ್ಲಿಂದ ತಪ್ಪಿಸಿಕೊಳ್ಳುವಾಗ ಅವನು ಎಮೆಟ್‌ನ ಹಾಡುಗಳ ಪುಸ್ತಕವನ್ನು ಎತ್ತಿಕೊಂಡು ಹೋಗಿ, ಅದರ ಖಾಲಿ ಹಾಳೆಗಳಲ್ಲಿ ತನ್ನ ಕಥೆಯನ್ನು ಬರೆಯುತ್ತಾನೆ. ಡೇನಿಯಲ್ ಬಾರ್ಕ್ಲಿ ಹಾಡಿನಲ್ಲಿ ಮಾಡಿದ ಕೆಲಸವನ್ನು ಜೇಮ್ಸ್ ಅಕ್ಷರದಲ್ಲಿ ಮುಗಿಸುತ್ತಾನೆ. ಒಂದೇ ಪುಸ್ತಕ ಓದಿದವರಿಗೆ ಈ ಸಂಬಂಧ ಕಾಣುವುದಿಲ್ಲ ಎಂಬುದೇ ನನ್ನ ತಕರಾರು.

ಆ ಬರವಣಿಗೆಗೆ ಬೇಕಾದ ಪೆನ್ಸಿಲ್ ತುಣುಕು ಕಾದಂಬರಿಯ ಅತಿ ದುಬಾರಿ ವಸ್ತು. ಜಾರ್ಜ್ ಎಂಬ ಗುಲಾಮ ಅದನ್ನು ತನ್ನ ಒಡೆಯನಿಂದ ಕದ್ದು ತಂದುಕೊಟ್ಟು, ಅದಕ್ಕಾಗಿ ಪ್ರಾಣ ತೆರುತ್ತಾನೆ. ಇದೇ ಪೆನ್ಸಿಲ್ 2021ರ ‘ದಿ ಟ್ರೀಸ್’ನಲ್ಲೂ ಇದೆ. 1955ರಲ್ಲಿ ಮಿಸಿಸಿಪಿಯ ಮನಿ ಎಂಬ ಊರಿಗೆ ಬಂದಿದ್ದ ಷಿಕಾಗೋದ ಹದಿನಾಲ್ಕು ವರ್ಷದ ಎಮೆಟ್ ಟಿಲ್‌ನನ್ನು ಹಿಂಸಿಸಿ ಕೊಂದವರನ್ನು ಬಿಳಿಯರಷ್ಟೇ ಇದ್ದ ಜ್ಯೂರಿ ಬಿಡುಗಡೆ ಮಾಡಿತ್ತು. ಕೆಲವೇ ತಿಂಗಳಲ್ಲಿ ಅವರು ಪತ್ರಿಕೆಯೊಂದರಿಂದ ಹಣ ಪಡೆದು ಕೊಲೆಯನ್ನು ಒಪ್ಪಿಕೊಂಡರು. ಎವರೆಟ್ ಅವರ ಕಾದಂಬರಿಯಲ್ಲಿ ಆ ಕೊಲೆಗಾರರ ಮಕ್ಕಳು ಈಗಿನ ಕಾಲದಲ್ಲಿ ಒಬ್ಬೊಬ್ಬರಾಗಿ ಹೆಣವಾಗುತ್ತಾರೆ. ಪ್ರತಿಯೊಂದು ಹೆಣದ ಪಕ್ಕದಲ್ಲೂ ಇನ್ನೊಂದು ಕಪ್ಪು ಹೆಣ ಬಿದ್ದಿರುತ್ತದೆ, ಶವಾಗಾರದಿಂದ ಮಾಯವಾಗುತ್ತದೆ. ತನಿಖೆಗೆ ಬಂದ ಇಬ್ಬರು ಕಪ್ಪು ಪತ್ತೇದಾರರ ಚಟಾಕಿಗಳಿಗೆ ನಗುತ್ತ ಓದುತ್ತಿರುವಾಗಲೇ ಮಾಮಾ ಝೀ ಎಂಬ ನೂರು ದಾಟಿದ ಮುದುಕಿಯ ಮನೆ ಎದುರಾಗುತ್ತದೆ. ಅಲ್ಲಿ ಗುಂಪುಹತ್ಯೆಗೆ ಬಲಿಯಾದ ಪ್ರತಿಯೊಬ್ಬರದೂ ಒಂದೊಂದು ಕಡತವಿದೆ. ಆ ಹೆಸರುಗಳನ್ನು ಒಬ್ಬ ವಿದ್ವಾಂಸ ಪೆನ್ಸಿಲ್‌ನಲ್ಲಿ ಒಂದೊಂದಾಗಿ ಬರೆಯುತ್ತಾನೆ. ಬರೆದಾಗ ಅವರು ಅಂಕಿಸಂಖ್ಯೆಯಾಗದೆ ನಿಜದ ಮನುಷ್ಯರಾಗುತ್ತಾರೆ. ಮುಗಿದ ಮೇಲೆ ಎಲ್ಲವನ್ನೂ ಅಳಿಸಿ ಅವರನ್ನು ಬಿಡುಗಡೆ ಮಾಡುತ್ತೇನೆ ಎನ್ನುತ್ತಾನೆ. ಆಮೇಲಿನ ಪುಟಗಳಲ್ಲಿ ಕಥೆಯಿಲ್ಲ, ಹೆಸರುಗಳು ಮಾತ್ರ. ನಗುತ್ತಿದ್ದ ಬಾಯಿ ಮುಚ್ಚಿಹೋಗುತ್ತದೆ. ಗುಂಪುಹತ್ಯೆಯನ್ನು ಅಮೆರಿಕದ ಕೇಂದ್ರ ಸರ್ಕಾರದ ಕಾನೂನಿನಡಿ ಅಪರಾಧವಾಗಿಸಿದ ಮಸೂದೆಗೆ ಅಧ್ಯಕ್ಷರ ಸಹಿ ಬಿದ್ದದ್ದು ಈ ಕಾದಂಬರಿ ಬಂದ ಮರುವರ್ಷ, 2022ರ ಮಾರ್ಚ್‌ನಲ್ಲಿ. ಆ ಕಾನೂನಿಗಿಟ್ಟ ಹೆಸರು ಎಮೆಟ್ ಟಿಲ್‌ನದು.

‘ಜೇಮ್ಸ್’ನ ಒಂದು ದೃಶ್ಯವನ್ನು ಮಾತ್ರ ಇಲ್ಲಿ ಬಿಡಿಸಿ ಹೇಳುತ್ತೇನೆ. ಜೇಮ್ಸ್ ತನ್ನ ಗುಡಿಸಲಿನಲ್ಲಿ ಮಕ್ಕಳಿಗೆ ಪಾಠ ಹೇಳುತ್ತಿದ್ದಾನೆ. ತಮ್ಮತಮ್ಮಲ್ಲಿ ಶುದ್ಧ ಇಂಗ್ಲಿಷಿನಲ್ಲಿ ಮಾತಾಡಿಕೊಳ್ಳುವ ಆ ಮಕ್ಕಳಿಗೆ ಬಿಳಿಯರೆದುರು ತೊದಲಿ, ತಿರುಚಿ ಮಾತಾಡುವುದನ್ನು ಕಲಿಸುವ ಪಾಠ ಅದು. ಒಡತಿಯ ಅಡುಗೆಮನೆಯಲ್ಲಿ ಜಿಡ್ಡಿಗೆ ಬೆಂಕಿ ಹತ್ತಿದೆ ಎಂದಿಟ್ಟುಕೊಳ್ಳಿ, ಏನನ್ನುತ್ತೀರಿ ಎಂದು ಕೇಳುತ್ತಾನೆ. ‘ಬೆಂಕಿ, ಬೆಂಕಿ’ ಎಂದರೆ ತಪ್ಪು. ಅದು ತೀರ ನೇರವಾಯಿತು. ‘ಅಯ್ಯೋ ದೇವರೇ, ಅಮ್ಮಾವ್ರೇ, ಅಲ್ಲಿ ನೋಡಿ’ ಎನ್ನಬೇಕು. ಯಾಕೆಂದರೆ ಅಪಾಯವನ್ನು ಮೊದಲು ಕಂಡು ಹೆಸರಿಡುವ ಭಾಗ್ಯ ಒಡತಿಗೇ ಸಿಗಬೇಕು. ನೀರು ಹೊಯ್ದರೆ ಬೆಂಕಿ ಹೆಚ್ಚುತ್ತದೆ ಎಂದು ಅವಳಿಗೆ ತಿಳಿಹೇಳುವಂತಿಲ್ಲ. ಸ್ವಲ್ಪ ಮರಳು ತರಲೇ ಎಂದು ಕೇಳಬೇಕು. ಮಕ್ಕಳು ಚುರುಕಾಗಿ ಉತ್ತರಿಸುತ್ತಾರೆ, ನಗುತ್ತಾರೆ. ಭಾಷೆಯ ಬಗ್ಗೆ, ಅಧಿಕಾರದ ಬಗ್ಗೆ ದಪ್ಪ ಗ್ರಂಥಗಳು ಹೇಳುವುದನ್ನು ಎವರೆಟ್ ಒಂದು ಬಾಣಲೆಯ ಬೆಂಕಿಯಲ್ಲಿ ಹೇಳಿ ಮುಗಿಸುತ್ತಾರೆ. ಬರೆಯಲು ಕೂರುವ ಮೊದಲು ಟ್ವೈನ್ ಕಾದಂಬರಿಯನ್ನು ಹದಿನೈದು ಸಲ ಒಂದೇ ಸಮನೆ ಓದಿದರಂತೆ. ಅದರ ಮೇಲೆ ತಮಗಿರುವುದು ದ್ವೇಷವಲ್ಲ ಎಂದೂ ಹೇಳಿದ್ದಾರೆ. ಕನ್ನಡದವರಿಗೆ ಈ ಬಗೆಯ ಮರುಕಥನ ಹೊಸದಲ್ಲ. ಅರ್ಜುನನನ್ನು ನಾಯಕನಾಗಿಟ್ಟು ಭಾರತ ಬರೆದ ನಮ್ಮ ಆದಿಕವಿ ಪಂಪನೇ ಹತ್ತನೆಯ ಶತಮಾನದಲ್ಲಿ, ಭಾರತದಲ್ಲಿ ಯಾರನ್ನಾದರೂ ನೆನೆಯುವುದಾದರೆ ಕರ್ಣನನ್ನು ನೆನೆ ಎಂದ.

ಇನ್ನು ನಿಮ್ಮ ಸಂಸ್ಥೆಯ ಹಳೆಯ ಮಾತೊಂದಕ್ಕೆ ಬರುತ್ತೇನೆ. 2008ರಲ್ಲಿ ನಿಮ್ಮ ಅಂದಿನ ಕಾಯಂ ಕಾರ್ಯದರ್ಶಿ ಹೊರೇಸ್ ಎಂಗ್ದಾಲ್ ಅವರು ಅಮೆರಿಕದ ಸಾಹಿತ್ಯ ಹೊರಗಿನ ಸಾಹಿತ್ಯದೊಡನೆ ಮಾತುಕತೆಯಿಲ್ಲದೆ ತನ್ನ ಪಾಡಿಗೆ ಒಂಟಿಯಾಗಿದೆ ಎಂಬರ್ಥದಲ್ಲಿ ಟೀಕಿಸಿದ್ದರು. ಆ ಮಾತಿನಲ್ಲಿ ಸತ್ಯವೇ ಇರಲಿಲ್ಲವೆಂದು ನಾನು ವಾದಿಸುವುದಿಲ್ಲ. ಆದರೆ 1993ರಲ್ಲಿ ಟೋನಿ ಮಾರಿಸನ್ ಅವರಿಗೆ ಪ್ರಶಸ್ತಿ ಕೊಟ್ಟ ಮೇಲೆ ನೀವು ಅಮೆರಿಕದ ಯಾವ ಕಾದಂಬರಿಕಾರರನ್ನೂ ಆರಿಸಿಲ್ಲ. 2016ರಲ್ಲಿ ಹಾಡುಗಾರ ಬಾಬ್ ಡಿಲನ್, 2020ರಲ್ಲಿ ಕವಿ ಲೂಯಿಸ್ ಗ್ಲುಕ್ ಬಂದರು. ಅಲ್ಲಿನ ದೊಡ್ಡ ಕಾದಂಬರಿಕಾರರಾದ ಫಿಲಿಪ್ ರಾತ್ 2018ರಲ್ಲಿ, ಕಾರ್ಮಾಕ್ ಮೆಕಾರ್ಥಿ 2023ರಲ್ಲಿ ನಿಮ್ಮ ಪ್ರಶಸ್ತಿ ಸಿಗದೆಯೇ ತೀರಿಕೊಂಡರು. ದೇಶಗಳಿಗೆ ಸರದಿ ಹಂಚುವುದು ನಿಮ್ಮ ಕೆಲಸವಲ್ಲ, ಅಮೆರಿಕಕ್ಕೆ ವಕಾಲತ್ತು ವಹಿಸುವುದು ನನ್ನ ಕೆಲಸವೂ ಅಲ್ಲ. ನನ್ನ ಮಾತಿಷ್ಟೇ: ಒಂಟಿತನದ ಆರೋಪ ಎವರೆಟ್ ಅವರಿಗೆ ತಟ್ಟುವುದಿಲ್ಲ. ಗ್ರೀಕ್ ನಾಟಕಕಾರರೊಂದಿಗೂ ಯುರೋಪಿನ ತತ್ತ್ವಶಾಸ್ತ್ರದೊಂದಿಗೂ ಅವರಷ್ಟು ಸಲೀಸಾಗಿ, ಅವರಷ್ಟು ಅಗೌರವದಿಂದ ಜಗಳವಾಡಿದ ಕಾದಂಬರಿಕಾರರು ಇಂದು ವಿರಳ. ಹಾವು ಕಚ್ಚಿ ಜ್ವರದಲ್ಲಿ ಬಿದ್ದಿರುವ ಜೇಮ್ಸ್‌ನ ಕನಸಿಗೆ ಫ್ರಾನ್ಸಿನ ತತ್ತ್ವಜ್ಞಾನಿ ವಾಲ್ಟೇರ್ ಬರುತ್ತಾನೆ. ಸಮಾನತೆಯ ಬಗ್ಗೆ ಆ ಮಹಾಶಯ ಕೊಡುವ ನುಣುಪಾದ ವಿವರಣೆಗಳನ್ನು ಓದಲು ಕಲಿತ ಗುಲಾಮ ಜಗ್ಗಿ ಕೇಳುತ್ತಾನೆ.

ನಗಿಸುವವರನ್ನು ಗಂಭೀರ ಲೇಖಕರೆಂದು ಒಪ್ಪಿಕೊಳ್ಳಲು ದೊಡ್ಡ ಪ್ರಶಸ್ತಿಗಳಿಗೆ ಸಾಮಾನ್ಯವಾಗಿ ಕಷ್ಟ. ಪುಲಿಟ್ಜರ್ ಕೂಡ ಅವರಿಗೆ ನೇರ ದಾರಿಯಲ್ಲಿ ಬಂದದ್ದಲ್ಲ. ತೀರ್ಪುಗಾರರು ಮೊದಲು ಕಳಿಸಿದ ಮೂರು ಪುಸ್ತಕಗಳಲ್ಲಿ ಯಾವುದಕ್ಕೂ ಮಂಡಳಿಯಲ್ಲಿ ಬಹುಮತ ಸಿಗದೆ, ನಾಲ್ಕನೆಯದಾಗಿ ಸೇರಿದ ‘ಜೇಮ್ಸ್’ ಗೆದ್ದಿತು. ‘ಎರೇಷರ್’ ಬರೆದವರು ಈ ಸುದ್ದಿ ಓದಿ ಒಳಗೊಳಗೇ ನಕ್ಕಿರಬಹುದು.

ನಿಮ್ಮ ಸಮಿತಿ ಬೇಸಿಗೆಯ ಹೊತ್ತಿಗೆ ಐದು ಹೆಸರುಗಳನ್ನು ಉಳಿಸಿಕೊಂಡು, ಸದಸ್ಯರು ರಜೆಯ ತಿಂಗಳುಗಳನ್ನು ಆ ಐವರ ಓದಿನಲ್ಲಿ ಕಳೆಯುತ್ತಾರೆಂದು ಕೇಳಿದ್ದೇನೆ. ಎಂದಾದರೂ ಆ ಐವರಲ್ಲಿ ಎವರೆಟ್ ಒಬ್ಬರಾದರೆ, ‘ಜೇಮ್ಸ್’ ಅನ್ನು ಕೊನೆಗಿಟ್ಟು, ‘ಎರೇಷರ್’, ‘ವಾಟರ್‌ಷೆಡ್’, ‘ದಿ ಟ್ರೀಸ್’ ಮತ್ತು ಆ ಬಾವುಟದ ಕಥೆಯಿರುವ 2004ರ ಸಂಕಲನವನ್ನು ಮೊದಲು ಓದಬೇಕೆಂದು ಕೋರುತ್ತೇನೆ. ಜೊತೆಗೆ 2020ರ ‘ಟೆಲಿಫೋನ್’ ಅನ್ನು ತರಿಸಿಕೊಳ್ಳಿ. ಗುಣವಾಗದ ಕಾಯಿಲೆಯಿಂದ ಮಗಳು ಕೈಜಾರುತ್ತಿರುವಾಗ, ಅಂಚೆಯಲ್ಲಿ ಕೊಂಡ ಹಳೆಯ ಜಾಕೆಟ್ಟಿನ ಜೇಬಿನಲ್ಲಿ ಸಹಾಯ ಬೇಡುವ ಚೀಟಿ ಸಿಕ್ಕು, ಗುರುತೇ ಇಲ್ಲದವರನ್ನು ಉಳಿಸಲು ಹೊರಡುವ ತಂದೆಯ ಕಾದಂಬರಿ ಅದು. 2021ರ ಪುಲಿಟ್ಜರ್‌ನ ಅಂತಿಮ ಸುತ್ತಿಗೂ ಹೋಗಿತ್ತು. ಎವರೆಟ್ ಅದರ ಮೂರು ಬೇರೆಬೇರೆ ಆವೃತ್ತಿಗಳನ್ನು ಬರೆದು, ಮೂರನ್ನೂ ಒಂದೇ ಹೆಸರಿನಲ್ಲಿ, ಹೆಚ್ಚುಕಡಿಮೆ ಒಂದೇ ಹೊದಿಕೆಯಲ್ಲಿ, ಯಾರಿಗೂ ಹೇಳದೆ ಅಂಗಡಿಗಳಿಗೆ ಕಳಿಸಿದರು. ಮೂರರ ಕೊನೆಯೂ ಬೇರೆ. ನಿಮ್ಮ ಗ್ರಂಥಾಲಯದವರು ಯಾವ ಸದಸ್ಯರಿಗೆ ಯಾವ ಆವೃತ್ತಿ ಕೊಟ್ಟೆವೆಂದು ಹೇಳದೆ ಮೂರನ್ನೂ ಹಂಚಿಬಿಡಲಿ. ಸೆಪ್ಟೆಂಬರ್‌ನಲ್ಲಿ ನೀವು ಮತ್ತೆ ಸೇರಿದಾಗ ಆ ಮಗಳಿಗೆ, ಆ ತಂದೆಗೆ ಕೊನೆಗೆ ಏನಾಯಿತು ಎಂಬುದರ ಮೇಲೆ ಚರ್ಚೆ ಶುರುವಾಗಲಿ.

ಇತಿ ಗೌರವಪೂರ್ವಕ ವಂದನೆಗಳೊಂದಿಗೆ,
ಒಬ್ಬ ಕನ್ನಡ ಓದುಗ